ಮಿಶ್ರಣದ ಲೆಕ್ಕ ಮಗಳಿಗೆ ಹೇಗೆ ಹೇಳಿಕೊಡಲಿ?

ಕೇಳಿದವರು, ಎಂಟನೇ ಕ್ಲಾಸಿನ ಹುಡುಗಿಯ ತಾಯಿ:
ಮಗಳಿಗೆ ಶೇಕಡಾ ಲೆಕ್ಕ ಬರುತ್ತದೆ, ಸಮೀಕರಣ ಬಿಡಿಸುವುದೂ ಬರುತ್ತದೆ. ಎರಡೂ ಒಟ್ಟಿಗೆ ಬಂದರೆ ಪೆನ್ನು ಕೆಳಗಿಡುತ್ತಾಳೆ. ನಿನ್ನೆಯ ಲೆಕ್ಕ ಇದು: ಶೇ 30ರ ಆಮ್ಲದ ದ್ರಾವಣ 4 ಲೀಟರ್ ಇದೆ. ಅದಕ್ಕೆ ಶೇ 60ರ ದ್ರಾವಣ ಎಷ್ಟು ಸೇರಿಸಿದರೆ ಶೇ 40 ಆಗುತ್ತದೆ? ಅವಳು 30 ಮತ್ತು 60 ಕೂಡಿಸಿ, ಎರಡರಿಂದ ಭಾಗಿಸಿ, "45 ಬಂತಲ್ಲ, ಮುಂದೇನು?" ಅಂತ ಕೂತಿದ್ದಾಳೆ. ನೀವು ಮಕ್ಕಳಿಗೆ ಎಲ್ಲಿಂದ ಶುರು ಮಾಡಿದಿರಿ?

ಹೈಸ್ಕೂಲ್ ಗಣಿತ ಮೇಷ್ಟ್ರು:
ಮೇಡಂ, ಆ 45 ಸುಮ್ನೆ ಬಂದದ್ದಲ್ಲ. ಎರಡನ್ನೂ ಸಮ ಸಮ ಬೆರೆಸಿದರೆ 45 ಆಗುತ್ತದೆ. ನಮಗೆ ಬೇಕಾದದ್ದು 40. ಅಂದರೆ ಗಟ್ಟಿ ದ್ರಾವಣ, ಆ ಶೇ 60ರದ್ದು, 4 ಲೀಟರಿಗಿಂತ ಕಮ್ಮಿ ಸಾಕು. ಪೆನ್ನು ಹಿಡಿಯುವ ಮೊದಲೇ ಇಷ್ಟು ಗೊತ್ತಾಯಿತು, ಅಲ್ವಾ? ಕ್ಲಾಸಿನಲ್ಲಿ ನಾನು ಮೊದಲು ಕೇಳುವುದೇ ಇದನ್ನು.

ಆಮೇಲೆ ಮೂರು ಕಾಲಮ್ ಹಾಕಿಸಿ: ಎಷ್ಟು ಲೀಟರ್, ಶೇಕಡಾ ಎಷ್ಟು, ಒಳಗೆ ಆಮ್ಲ ಎಷ್ಟು. ಮೊದಲ ಮತ್ತು ಮೂರನೇ ಕಾಲಮನ್ನು ಕೂಡಿಸಬಹುದು, ನಡುವಿನದನ್ನು ಮಾತ್ರ ಕೂಡಿಸುವ ಹಾಗಿಲ್ಲ. ಮಕ್ಕಳು ಎಡವುವುದು ಇಲ್ಲೇ. 4 ಲೀಟರಿನಲ್ಲಿ ಆಮ್ಲ 1.2 ಲೀಟರ್. ಸೇರಿಸುವುದು ಎಕ್ಸ್ ಲೀಟರ್ ಅಂದರೆ ಅದರಲ್ಲಿ 0.6 ಎಕ್ಸ್. ಒಟ್ಟು 4 + ಎಕ್ಸ್ ಲೀಟರಿನಲ್ಲಿ ಶೇ 40 ಆಮ್ಲ ಇರಬೇಕು. ಹಾಗಾಗಿ 1.2 + 0.6 ಎಕ್ಸ್ = 0.4 (4 + ಎಕ್ಸ್). ಎಕ್ಸ್ = 2. ತಾಳೆ ನೋಡಿ: 6 ಲೀಟರಿನಲ್ಲಿ ಆಮ್ಲ 2.4 ಲೀಟರ್, ಸರಿಯಾಗಿ ಶೇ 40.

ಬ್ಯಾಂಕ್ ಪರೀಕ್ಷೆಗೆ ಓದುತ್ತಿರುವವರು:
ಇಷ್ಟೆಲ್ಲಾ ಯಾಕೆ ಸರ್? ಅಲಿಗೇಶನ್ ಹಾಕಿ, ಅಂದರೆ ಬೇಕಾದ ಶೇಕಡಾಕ್ಕೂ ಎರಡು ದ್ರಾವಣಗಳಿಗೂ ಇರುವ ವ್ಯತ್ಯಾಸ ತೆಗೆದು ಅದಲುಬದಲು ಮಾಡುವ ಶಾರ್ಟ್‌ಕಟ್: ಗಟ್ಟಿಯ ವ್ಯತ್ಯಾಸ ತೆಳುವಿನ ಪಾಲು, ತೆಳುವಿನದು ಗಟ್ಟಿಯ ಪಾಲು. 60ರಿಂದ 40 ಕಳೆದರೆ 20, 40ರಿಂದ 30 ಕಳೆದರೆ 10. ತೆಳು ಮತ್ತು ಗಟ್ಟಿ 2:1. ತೆಳುವಿನದು 4 ಲೀಟರ್ ಇದ್ದರೆ ಗಟ್ಟಿಯದು 2. ಹತ್ತು ಸೆಕೆಂಡಿನ ಕೆಲಸ.

ಮೇಷ್ಟ್ರು:
ಪರೀಕ್ಷಾ ಹಾಲ್‌ನಲ್ಲಿ ಒಳ್ಳೆಯದೇ. ಆದರೆ ಎಂಟನೇ ಕ್ಲಾಸಿಗೆ ಈಗಲೇ ಕೊಟ್ಟರೆ, "ನೀರು ಬೆರೆಸಿದರು" ಅಂತ ಲೆಕ್ಕ ಬಂದಾಗ ಮಗು ನಿಂತುಬಿಡುತ್ತದೆ. ನೀರಿನ ಮುಂದೆ ಶೇಕಡಾ ಬರೆದಿರುವುದಿಲ್ಲವಲ್ಲ. ಅದು 0, ಶುದ್ಧ ಆಮ್ಲ 100. ಇದು ತಲೆಗೆ ಹೋದ ಮೇಲೆ ಯಾವ ಶಾರ್ಟ್‌ಕಟ್ ಆದರೂ ಕಲಿಯಲಿ.

ಇಬ್ಬರು ಮಕ್ಕಳ ಅಪ್ಪ:
ನಾವು ಹಾಲಿನ ಪ್ಯಾಕೆಟ್ ಇಟ್ಟುಕೊಂಡು ಕಲಿಸಿದೆವು. ಫುಲ್ ಕ್ರೀಮ್ ಹಾಲಿನಲ್ಲಿ ಫ್ಯಾಟ್ ಶೇ 6, ಟೋನ್ಡ್ ಹಾಲಿನಲ್ಲಿ ಶೇ 3. ಒಂದೊಂದು ಲೀಟರ್ ಬೆರೆಸಿದರೆ 4.5 ಅಂತ ಮಗ ತಕ್ಷಣ ಹೇಳಿದ. ಒಂದು ಲೀಟರ್ ಫುಲ್ ಕ್ರೀಮಿಗೆ ಎರಡು ಲೀಟರ್ ಟೋನ್ಡ್ ಹಾಕಿದರೆ? ಆಗಲೂ 4.5 ಅಂದ! ತಂಗಿ ನಕ್ಕಳು. "ತೆಳು ಹಾಲು ಜಾಸ್ತಿ ಆಯ್ತಲ್ಲೋ, ಕಮ್ಮಿ ಆಗಬೇಕು" ಅಂದಳು. 4 ಅಂತ ಕಂಡುಹಿಡಿಯಲು ಆಮೇಲೆ ಕಷ್ಟ ಆಗಲಿಲ್ಲ.

ಚಿನ್ನದ ಕೆಲಸದ ಮನೆಯವರು:
ನಮ್ಮ ಮನೆಯಲ್ಲಿ ಮಕ್ಕಳಿಗೆ ಕೊಡುವ ಲೆಕ್ಕ: 10 ಗ್ರಾಂ ಅಪರಂಜಿಗೆ ಎಷ್ಟು ತಾಮ್ರ ಸೇರಿಸಿದರೆ 22 ಕ್ಯಾರೆಟ್? ಚಿನ್ನ ಹೆಚ್ಚೂ ಆಗುವುದಿಲ್ಲ, ಕಮ್ಮಿಯೂ ಆಗುವುದಿಲ್ಲ, ಅದೇ 10 ಗ್ರಾಂ. ಆ 10 ಗ್ರಾಂ ಈಗ 24ರಲ್ಲಿ 22 ಪಾಲು. ಒಂದು ಪಾಲಿಗೆ 10/22 ಗ್ರಾಂ, ತಾಮ್ರಕ್ಕೆ ಎರಡು ಪಾಲು, ಅಂದರೆ ಸುಮಾರು 0.91 ಗ್ರಾಂ. ಎಕ್ಸ್ ಬೇಕಾಗಲೇ ಇಲ್ಲ ನೋಡಿ. ಇದು ಹಳೆಯ ಲೆಕ್ಕವೇ. ರಾಷ್ಟ್ರಕೂಟ ಅಮೋಘವರ್ಷನ ಕಾಲದ ಮಹಾವೀರಾಚಾರ್ಯ ತನ್ನ ಗಣಿತ ಗ್ರಂಥದಲ್ಲಿ ಮಿಶ್ರಣಕ್ಕೇ ಒಂದು ಅಧ್ಯಾಯ ಇಟ್ಟಿದ್ದಾನೆ, ಚಿನ್ನ ಬೆರೆಸುವ ಲೆಕ್ಕಗಳೂ ಅದರಲ್ಲಿವೆ.

ವಿಜಯಪುರ ಕಡೆಯವರು:
ಹೆಚ್ಚು ಮಕ್ಕಳು ಬೀಳುವುದು ಒಣಗಿಸುವ ಲೆಕ್ಕದಲ್ಲಿ, ಅದನ್ನು ಬಿಡಬೇಡಿ ಅಕ್ಕಾ. 20 ಕೆಜಿ ದ್ರಾಕ್ಷಿಯಲ್ಲಿ ನೀರು ಶೇ 80. ಒಣದ್ರಾಕ್ಷಿಯಲ್ಲಿ ಶೇ 20 ಉಳಿದರೆ ತೂಕ ಎಷ್ಟು? 80ರಲ್ಲಿ 60 ಹೋಯಿತು, ಹಾಗಾಗಿ 20 ಕೆಜಿಯಲ್ಲಿ 12 ಕೆಜಿ ಹೋಗಿ 8 ಉಳಿಯುತ್ತದೆ ಅನ್ನುತ್ತಾರೆ. ನೀರನ್ನು ಬಿಡಿ, ಸಿಪ್ಪೆ, ಸಕ್ಕರೆ ಎಲ್ಲಾ ಸೇರಿದ ಒಣ ಭಾಗ ನೋಡಿ. ಮೊದಲೂ 4 ಕೆಜಿ, ಆಮೇಲೂ 4 ಕೆಜಿ. ಆ 4 ಕೆಜಿ ಈಗ ಶೇ 80. ಒಟ್ಟು 5 ಕೆಜಿ. ದ್ರಾಕ್ಷಿ ಒಣಗಿಸುವ ಶೆಡ್ಡಿನಲ್ಲೂ ಲೆಕ್ಕ ಹೆಚ್ಚುಕಮ್ಮಿ ಹಾಗೇ, ನಾಲ್ಕು ಕೆಜಿಗೆ ಒಂದು ಕೆಜಿ.

ಕೇಳಿದವರು:
ಕಾಲಮ್ ಹಾಕಿಸಿದೆ, ನಿನ್ನೆಯ ಲೆಕ್ಕ ಬಂತು. ದ್ರಾಕ್ಷಿಯದ್ದು ನನಗೇ ಎರಡು ಸಲ ಓದಬೇಕಾಯಿತು! ಇನ್ನೊಂದಿದೆ: 40 ಲೀಟರ್ ಹಾಲಿನಿಂದ 4 ಲೀಟರ್ ತೆಗೆದು ಅಷ್ಟೇ ನೀರು ಹಾಕುವುದು, ಇನ್ನೊಮ್ಮೆ ಹಾಗೇ ಮಾಡುವುದು. ಉಳಿದ ಹಾಲು 32 ಲೀಟರ್ ಅಲ್ಲವಾ?

ಮೇಷ್ಟ್ರು:
ಅಲ್ಲ. ಎರಡನೇ ಸಲ ತೆಗೆದ 4 ಲೀಟರಿನಲ್ಲಿ ಸ್ವಲ್ಪ ನೀರೂ ಹೋಯಿತು. ಪ್ರತಿ ಸಲ ಇದ್ದ ಹಾಲಿನಲ್ಲಿ ಹತ್ತನೇ ಒಂದು ಪಾಲು ಹೋಗುತ್ತದೆ: 40, 36, 32.4. ಮೂರನೇ ಸಲದ್ದು ಅವಳೇ ಹೇಳಲಿ.