ಮೋರಿಸ್ ಜಾರ್ ಸಂಗೀತ: ಎಲ್ಲಿಂದ ಶುರು ಮಾಡಲಿ?

ಮೃದಂಗ ವಿದ್ಯಾರ್ಥಿ, ಸರಸ್ವತಿಪುರಂ:
ಎಲ್ಲರಿಗೂ ನಮಸ್ಕಾರ. ಫ್ರಾನ್ಸಿನ ಸಿನಿಮಾ ಸಂಗೀತಗಾರ ಮೋರಿಸ್ ಜಾರ್ ಮೊದಲು ತಾಳವಾದ್ಯ ಕಲಿತವರು ಅಂತ ತಿಳಿದು ತುಂಬಾ ಖುಷಿಯಾಯಿತು. ನಮ್ಮವರೇ ಅನ್ನಿಸಿತು. ಅವರದ್ದು ಯಾವುದನ್ನು ಮೊದಲು ಕೇಳಲಿ?

ಹಳೇ ಸಿನಿಮಾ ಪ್ರೇಮಿ, ಕುವೆಂಪುನಗರ:
1962ರ ‘ಲಾರೆನ್ಸ್ ಆಫ್ ಅರೇಬಿಯಾ’ದಿಂದಲೇ ಶುರು ಮಾಡಿ. ಪರದೆ ಮೇಲೆ ಏನೂ ಕಾಣುವ ಮೊದಲೇ ಟಿಂಪನಿ (ದೊಡ್ಡ ನಗಾರಿಯಂಥ ವಾದ್ಯ) ಗುಡುಗುತ್ತದೆ. ತಂತಿವಾದ್ಯಗಳ ಸರದಿ ಆಮೇಲೆ. ನೀವು ಅದನ್ನು ಬೇಗ ಹಿಡಿಯುತ್ತೀರಿ.

ಜಾರ್ 1924ರಲ್ಲಿ ಲಿಯಾನ್‌ನಲ್ಲಿ ಹುಟ್ಟಿದರು. ಇಂಜಿನಿಯರಿಂಗ್ ಬಿಟ್ಟು ಸಂಗೀತಕ್ಕೆ ಬಂದರು. ಸಿನಿಮಾದಲ್ಲಿ ಹೆಸರು ಮಾಡುವ ಮುಂಚೆ ವರ್ಷಗಟ್ಟಲೆ ಫ್ರಾನ್ಸಿನ ರಂಗನಿರ್ದೇಶಕ ಜಾನ್ ವಿಲಾರ್ ಅವರ ನಾಟಕಗಳಿಗೆ ಸಂಗೀತ ಕೊಟ್ಟರು. ನಮ್ಮ ರಂಗಾಯಣದಲ್ಲಿ ನಾಟಕ ನೋಡಿದ್ದೀರಿ ಅಲ್ವಾ? ಮಾತಿಗೆ ಜಾಗ ಬಿಟ್ಟು ನುಡಿಸೋದು ಸುಲಭವಲ್ಲ. ಜಾರ್ ಅದನ್ನು ರಂಗದ ಮೇಲೇ ಕಲಿತರು ಅಂತ ನನ್ನ ನಂಬಿಕೆ.

ಅವರ ಮೂರು ಆಸ್ಕರ್‌ಗಳೂ ನಿರ್ದೇಶಕ ಡೇವಿಡ್ ಲೀನ್ ಅವರ ಸಿನಿಮಾಗಳಿಗೇ ಬಂದವು. ಮೂರನೆಯದು 1984ರ ‘ಎ ಪ್ಯಾಸೇಜ್ ಟು ಇಂಡಿಯಾ’. ಅದರ ಚಿತ್ರೀಕರಣ ಬೆಂಗಳೂರಲ್ಲೂ ಸಾವನದುರ್ಗದ ಬಂಡೆಗಳ ಹತ್ತಿರವೂ ನಡೆಯಿತು. ಆ ಬಂಡೆಗಳನ್ನು ನೋಡಿದವರು ಅದನ್ನು ಕೇಳಲೇಬೇಕು.

ಮಂಡ್ಯದಿಂದ ಒಬ್ಬರು:
ಮೇಲಿನ ಸರ್ ಹೇಳಿದ್ದು ಸರಿ. ಆದರೆ ಟಿವಿ ಕೆಲಸವನ್ನು ಬಿಡಬೇಡಿ. 1977ರ ‘ಜೀಸಸ್ ಆಫ್ ನಜರೆತ್’, 1980ರ ‘ಶೋಗನ್’ ಎರಡೂ ಅವರದ್ದೇ.

ನನಗೆ ಜಾಸ್ತಿ ಇಷ್ಟ 1985ರ ‘ವಿಟ್ನೆಸ್’. ಊರವರೆಲ್ಲ ಸೇರಿ ಕೊಟ್ಟಿಗೆ ಕಟ್ಟಿ ನಿಲ್ಲಿಸುವ ದೃಶ್ಯಕ್ಕೆ ಸಿಂಥಸೈಸರ್ (ವಿದ್ಯುತ್ತಿನಿಂದ ಸ್ವರ ಹೊರಡಿಸುವ ವಾದ್ಯ) ಬಳಸಿದ್ದಾರೆ. ಅರವತ್ತು ದಾಟಿದ ಮೇಲೂ ಹೊಸ ವಾದ್ಯಕ್ಕೆ ಕೈಹಾಕಿದರು ನೋಡಿ! ಹೆಡ್‌ಫೋನ್ ಹಾಕಿಕೊಂಡೇ ಕೇಳಿ.