ಸಹಾಯ ಬೇಕು: ತಗಡು ಕತ್ತರಿಸುವವರು, ಮೃದಂಗದ ಕರಣೆ (ಮುಖದ ನಡುವೆ ಮೆತ್ತುವ ಕಪ್ಪು ಲೇಪ) ಬಲ್ಲವರು ಹಾಸನದ ಸುತ್ತಮುತ್ತ ಇದ್ದಾರಾ?

ನಮಸ್ಕಾರ. ನಾವು ಬರೆಯುತ್ತಿರುವ ಮಾಂತ್ರಿಕ ಲೋಕದ ಕಥೆಗೆ ಒಂದು ಕಲ್ಪಿತ ಸಿದ್ಧಾಂತವಿದೆ: ಇಡೀ ಜಗತ್ತು ಕಂಪಿಸುವ ಒಂದು ಹಾಳೆ. ಅಲುಗದೆ ನಿಂತ ಗೆರೆಗಳ ಮೇಲೆ ಮಂತ್ರ ನಡೆಯದು, ಹೆಚ್ಚು ಅಲುಗುವ ಕಡೆ ಜೋರಾಗಿ ನಡೆಯುತ್ತದೆ. ಇದನ್ನು ಮಕ್ಕಳಿಗೆ ಕಣ್ಣಾರೆ ತೋರಿಸಲು 1787ರಲ್ಲಿ ಜರ್ಮನಿಯ ವಿಜ್ಞಾನಿ ಕ್ಲಾಡ್ನಿ ಪ್ರಕಟಿಸಿದ ಮರಳಿನ ಪ್ರಯೋಗವೇ ಸಾಕು: ಮರಳು ಉದುರಿಸಿದ ತಗಡನ್ನು ಕಂಪಿಸಿದರೆ, ಅಲುಗದ ಗೆರೆಗಳ ಮೇಲೆ ಮರಳು ಕೂಡಿ ಚಿತ್ತಾರ ಮೂಡುತ್ತದೆ.

ಬೇಕಿರುವುದು 24 ಸೆಂ.ಮೀ. ಚೌಕದ, 1 ಮಿ.ಮೀ. ದಪ್ಪದ ಅಲ್ಯೂಮಿನಿಯಂ ತಗಡು, ನಟ್ಟನಡುವೆ 4 ಮಿ.ಮೀ. ತೂತು. ತೂತು ಸರಿದರೆ ಚಿತ್ತಾರ ಸೊಟ್ಟಗಾಗುತ್ತದೆ. ಕೈಕತ್ತರಿ ಬೇಡವೇ ಬೇಡ. ಅಂಚು ಬಾಗಿ ಮರಳು ತಗ್ಗಿಗೆ ಜಾರಿ ಗುಡ್ಡೆ ಬೀಳುತ್ತದೆ. ಶಿಯರಿಂಗ್ ಮೆಷಿನ್ ಇರುವ ವರ್ಕ್‌ಶಾಪ್ ಗೊತ್ತಿದ್ದರೆ ಹೇಳಿ. ಅಳತೆ ಬದಲಾಗಬಾರದು: ದಪ್ಪ ಇಮ್ಮಡಿಯಾದರೆ ಆವರ್ತನವೂ ಇಮ್ಮಡಿ, ಬದಿ ಇಮ್ಮಡಿಯಾದರೆ ಆವರ್ತನ ಕಾಲುಭಾಗಕ್ಕೆ ಇಳಿಯುತ್ತದೆ. ಮರಳಿನ ಬದಲು ಪುಡಿಯುಪ್ಪು ಹಾಕಿದರೆ ಮಲೆನಾಡಿನ ಮಳೆಯಲ್ಲಿ ಅದು ಒದ್ದೆಯಾಗಿ ತಗಡಿಗೆ ಅಂಟುತ್ತದೆ. ಜರಡಿ ಹಿಡಿದು, ಬಾಣಲೆಯಲ್ಲಿ ಹುರಿದು ಆರಿಸಿದ ಮರಳೇ ಸರಿ.

ಇನ್ನೊಂದು, ನಮಗೆ ಇದೇ ಮುಖ್ಯ. ಬರೀ ಚರ್ಮ ಬಿಗಿದ ವಾದ್ಯದಲ್ಲಿ ಮೇಲಿನ ಸ್ವರಗಳು ಮೂಲಸ್ವರದ 1.59, 2.14 ಪಟ್ಟು, ಅದಕ್ಕೇ ನಾದ ಕಲಸಿಹೋಗುತ್ತದೆ. ನಡುವೆ ಕರಣೆ ಕೂರಿಸಿದರೆ ಅವು 2, 3 ಪಟ್ಟಿನ ಹತ್ತಿರ ಬರುತ್ತವೆ. ಸಿ.ವಿ. ರಾಮನ್ ಅಧ್ಯಯನ ಮಾಡಿದ್ದೂ ಇದನ್ನೇ. ನಮ್ಮ ಕಥೆಯ ಮಾಂತ್ರಿಕರು ಲೋಕಕ್ಕೆ ಕರಣೆ ಹಾಕುವವರು. ಹಾಗಾಗಿ ಮೃದಂಗ ರಿಪೇರಿ ಮಾಡುವ ಹಿರಿಯರು ದಯವಿಟ್ಟು ತಿಳಿಸಿ: ಒಂದು ಪದರ ಎಷ್ಟು ಒಣಗಿದ ಮೇಲೆ ಮುಂದಿನದು? ಕಲ್ಲಿನಿಂದ ಎಷ್ಟು ಹೊತ್ತು ಉಜ್ಜಬೇಕು? ಬಿರುಕು ಬಿಟ್ಟಾಗ ಮೊದಲು ಕೆಡುವುದು ಯಾವ ಸೊಲ್ಲು (ಬಡಿತದ ಅಕ್ಷರ)?