ಸಹಾಯ ಬೇಕು: ಹೊರ್ಯು-ಜಿ ಗೋಪುರದ ನಡುಗಂಬದ ವರ್ಷ ಹೊಂದುತ್ತಿಲ್ಲ

ಜಪಾನಿನ ಹಳೆಯ ಬೌದ್ಧ ದೇವಾಲಯಗಳ ಬಗ್ಗೆ ಓದಿಕೊಂಡವರು ಯಾರಾದರೂ ಇದ್ದರೆ ದಯವಿಟ್ಟು ನೋಡಿ, ಒಂದು ಕಡೆ ಪೂರ್ತಿ ಸಿಕ್ಕಿಹಾಕಿಕೊಂಡಿದ್ದೇನೆ.

ನಾರಾ ಹತ್ತಿರದ ಹೊರ್ಯು-ಜಿ ದೇವಾಲಯವನ್ನು ರಾಜಕುಮಾರ ಶೋತೊಕು 607ರ ಹೊತ್ತಿಗೆ ಕಟ್ಟಿಸಿದ ಎನ್ನುತ್ತಾರೆ. 670ರಲ್ಲಿ ಬೆಂಕಿ ಬಿದ್ದು ಒಂದು ಕಟ್ಟಡವೂ ಉಳಿಯಲಿಲ್ಲ ಅಂತ ಜಪಾನಿನ ಹಳೆಯ ಇತಿಹಾಸ ಗ್ರಂಥ 'ನಿಹೊನ್ ಶೊಕಿ'ಯಲ್ಲಿದೆ. 1939ರಲ್ಲಿ ಅಗೆದಾಗ ಹಳೆಯ ಅಡಿಪಾಯವೂ ಸಿಕ್ಕಿತು. ಅದರಲ್ಲಿ ಗೋಪುರ ಮತ್ತು ಮುಖ್ಯ ಮಂದಿರ ಹಿಂದೆ ಮುಂದೆ ಒಂದೇ ಸಾಲಿನಲ್ಲಿದ್ದವು, ಈಗಿನದರಲ್ಲಿ ಅಕ್ಕಪಕ್ಕ ಇವೆ. ಹಾಗಾದರೆ ಈಗ ನಿಂತಿರುವುದು ಮತ್ತೆ ಕಟ್ಟಿದ್ದು ಅಲ್ವಾ? ಇಲ್ಲಿವರೆಗೆ ಸರಿ.

ತಲೆ ಕೆಡುವುದು ಐದಂತಸ್ತಿನ ಗೋಪುರದ ನಡುಗಂಬದ ಹತ್ತಿರ ಬಂದಾಗ. ಮರದ ಉಂಗುರಗಳನ್ನು ನೋಡಿ, ಅದನ್ನು ಕಡಿದದ್ದು 594ರಲ್ಲಿ ಎಂದು 2001ರಲ್ಲಿ ಹೇಳಿದರು. ಆದರೆ ಮುಖ್ಯ ಮಂದಿರದ ಛಾವಣಿ ಹಲಗೆಗಳು 660ರ ದಶಕದ ಕೊನೆಯವು. ಬೆಂಕಿಗಿಂತ ಮುಕ್ಕಾಲು ಶತಮಾನ ಹಳೆಯ ಮರ ಹೊಸ ಗೋಪುರದ ನಡುವೆ ಹೇಗೆ ಬಂತು?

ಬೇರೆ ದೇವಾಲಯದಿಂದ ತಂದರು ಅಂತ ಕೆಲವರು, ಕಡಿದು ಸುಮ್ನೆ ಇಟ್ಟಿದ್ದರು ಅಂತ ಇನ್ನು ಕೆಲವರು ಹೇಳುತ್ತಾರೆ. ಕೊರಿಯಾದ ಬೆಕ್ಜೆ ರಾಜ್ಯದ ಕುಶಲಕರ್ಮಿಗಳು ಬಂದು 588ರಲ್ಲಿ ಅಸುಕಾ-ದೇರಾ ಎಂಬ ದೇವಾಲಯದ ಕೆಲಸ ಶುರುವಾಗಿತ್ತು, ಆ ಕಾಲದಲ್ಲಿ ದೊಡ್ಡ ಮರಗಳನ್ನು ಕಡಿಯುತ್ತಿದ್ದುದು ನಿಜ. ಆದರೂ ನಾನು ಓದಿದ್ದರಲ್ಲಿ ಎರಡಕ್ಕೂ ಗಟ್ಟಿ ಆಧಾರ ಕಾಣಲಿಲ್ಲ.

ನನ್ನ ಪ್ರಶ್ನೆ ಇಷ್ಟೇ: ಆ ಕಂಬ ಮೊದಲು ಬೇರೆ ಕಟ್ಟಡದಲ್ಲಿತ್ತು ಎನ್ನಲು ಹಳೆಯ ಕಚ್ಚು, ತೂತುಗಳಂಥ ಗುರುತು ಅದರ ಮೇಲೆ ಇದೆಯಾ?